ಯಲಗೂರಪ್ಪನ ಡಾಕ್ಟರ ಪಾರ್ಟು

ಬಬಲೇಶ್ವರದ ಹಳೆಯ ವಾಡೆಯೊಂದರ ಪಡಸಾಲೆಯಲ್ಲಿ ಅರ್ಧ ದಿನ ಹೆಣವಾಗಿ ಮಲಗಿ ಎದ್ದ ಯಲಗೂರಪ್ಪ, ವಿಜಾಪುರದ ಬಸ್ ಸ್ಟ್ಯಾಂಡಿನಲ್ಲಿ ಇಳಿಯುವ ಹೊತ್ತಿಗೆ ಡಾಕ್ಟರನಾಗಿಬಿಟ್ಟಿದ್ದ. ನಡುವೆ ಇದ್ದದ್ದು ಒಂದು ಬಸ್ಸಿನ ಪ್ರಯಾಣ ಮಾತ್ರ. ಇಷ್ಟು ಸಲೀಸಾಗಿ ಡಾಕ್ಟರನಾದವನು ಆ ಜಿಲ್ಲೆಯಲ್ಲಿ ಅವನಿಗಿಂತ ಮೊದಲು ಯಾರೂ ಇರಲಿಲ್ಲ.

ಆ ವರ್ಷ ಸರ್ಕಾರ ಹಳ್ಳಿಗಳಿಗೆ ಟಿವಿ ಕೊಟ್ಟಿತ್ತು. ಶಹರಕ್ಕೆ ಕೊಟ್ಟಿರಲಿಲ್ಲ. ಹಳ್ಳಿಯವರಿಗೆ ತಿಳಿವಳಿಕೆ ಸಾಲದು, ಅವರು ನೋಡಿ ಕಲಿಯಲಿ, ಶಹರದವರು ಎಲ್ಲವನ್ನೂ ಕಲಿತೇ ಹುಟ್ಟಿರುತ್ತಾರೆ ಎಂದು ದಿಲ್ಲಿಯಲ್ಲಿ ಕೂತ ಯಾರಿಗೋ ಹೊಳೆದಿತ್ತು. ಹೀಗಾಗಿ ಹತ್ತಿರದ ಹಳ್ಳಿ ತಿಕೋಟಾದ ಶಾಲೆಯಲ್ಲಿ ಎಮ್ಮೆ ಕಾಯುವವರು ಸಂಜೆಗೊಮ್ಮೆ ಟಿವಿ ನೋಡಿ ಆಕಳಿಸುತ್ತಿದ್ದರೆ, ವಿಜಾಪುರದ ವಕೀಲರು ಮತ್ತು ಪ್ರೊಫೆಸರರು ಗೋಳಗುಮ್ಮಟವನ್ನೇ ನೋಡಿಕೊಂಡು ಕೂಡಬೇಕಾಗಿತ್ತು. ಮಾನಗೆಟ್ಟ ಕೆಲವರು ತಿಕೋಟಾದ ಬಸ್ಸು ಹತ್ತಿ ಹೋಗಿ, ದನ ನೋಡಲು ಬಂದವರ ಹಾಗೆ ನಟಿಸುತ್ತ ಟಿವಿ ನೋಡಿ ಬರುತ್ತಿದ್ದರು.

ಆ ಟಿವಿಯವರು ಬಬಲೇಶ್ವರಕ್ಕೆ ಬಂದು ಒಬ್ಬ ಡಾಕ್ಟರನ ಕತೆಯನ್ನು ಕಂತುಕಂತಾಗಿ ತೆಗೆಯತೊಡಗಿದರು. ಮೊದಲನೆಯ ಕಂತಿಗೆ ಒಂದು ಹೆಣ ಬೇಕಿತ್ತು. ಬಬಲೇಶ್ವರದಲ್ಲಿ ಯಾರೂ ಹೆಣವಾಗಲು ಒಪ್ಪಲಿಲ್ಲ. ಬದುಕಿದ್ದವನ ಮೂಗಿಗೆ ಅರಳೆ ಇಟ್ಟು ಮೇಲೆ ಬಿಳಿ ಅರಿವೆ ಹೊದಿಸಿದರೆ, ಆ ಅರಿವೆ ಅವನನ್ನು ಬೇಗ ಹುಡುಕಿಕೊಂಡು ಬರುತ್ತದೆ ಎಂದು ಹಿರಿಯರು ಗದರಿಸಿದ್ದರು. ಸೋದರತ್ತೆಯ ಮನೆಗೆಂದು ಅಲ್ಲಿಗೆ ಹೋಗಿದ್ದ ಯಲಗೂರಪ್ಪ ಗುಂಪಿನಲ್ಲಿ ನಿಂತು ನೋಡುತ್ತಿದ್ದ. ಹಿಂದೊಮ್ಮೆ ತನ್ನ ಓಣಿಯ ನಾಟಕದಲ್ಲಿ ದ್ವಾರಪಾಲಕನಾಗಿ ಭರ್ಚಿ ಹಿಡಿದು ನಿಂತ ಅನುಭವ ಅವನಿಗಿತ್ತು. ಹೆಣದಿಂದ ಶುರುಮಾಡಿದರೆ ನಾಳೆ ಮೇಲಕ್ಕೆ ಏರಬಹುದು ಎಂದುಕೊಂಡು ಮುಂದೆ ಬಂದ. ಟಿವಿಯವರು ಅವನನ್ನು ಮಂಚದ ಮೇಲೆ ಮಲಗಿಸಿ, ಮೂಗಿಗೆ ಅರಳೆ ಇಟ್ಟು, ಮುಖ ಮೈ ಮುಚ್ಚುವಂತೆ ಬಿಳಿ ಅರಿವೆ ಹೊದಿಸಿ, ಕಾಲು ಮಾತ್ರ ಹೊರಗೆ ಬಿಟ್ಟರು. ಅರಿವೆಯ ಒಳಗೆ ತಂಪಾಗಿತ್ತು. ಯಲಗೂರಪ್ಪ ನಿದ್ದೆ ಹೋದ. ಎಬ್ಬಿಸಿ, ಒಂದು ಕಪ್ಪು ಚಹಾ ಕುಡಿಸಿ ಕಳಿಸಿದರು. ಕತೆ ಏನು, ಡಾಕ್ಟರ ಯಾರು ಎಂಬುದೊಂದೂ ಅವನಿಗೆ ಗೊತ್ತಾಗಲಿಲ್ಲ.

ಕಾಳುಕಡಿ ಮಾರಿಸಿಕೊಡುವ ವಿಜಾಪುರದ ಅಡತಿ ಅಂಗಡಿಯಲ್ಲಿ ಅವನ ಜೊತೆ ಗುಮಾಸ್ತಿಕೆ ಮಾಡುವ ಫಕ್ರುದ್ದೀನ ಬಸ್ ಸ್ಟ್ಯಾಂಡಿನಲ್ಲೇ ಎದುರಾದ. ತಾನು ಟಿವಿಗೆ ನಿಂತು ಬಂದೆ ಎಂದು ಯಲಗೂರಪ್ಪ ಹೇಳಿದ್ದೇ ತಡ, ಯಾವ ಪಾರ್ಟು ಕೊಟ್ಟರು ಎಂದು ಕೇಳಿದ. ಕೇಳುವಾಗಲೇ ಅವನ ತುಟಿಯ ಮೂಲೆಯಲ್ಲಿ ಒಂದು ನಗು ತಯಾರಾಗಿತ್ತು. ಅದನ್ನು ನೋಡಿದ ಮೇಲೆ ಹೆಣ ಎನ್ನುವ ಶಬ್ದ ಯಲಗೂರಪ್ಪನ ಬಾಯಿಂದ ಹೊರಡಲಿಲ್ಲ.

"ಡಾಕ್ಟರಂದು," ಎಂದ.

ಎಲ್ಲ ತೊಂದರೆಯೂ ಈ ಒಂದು ಶಬ್ದದಿಂದ ಹುಟ್ಟಿತು. ಫಕ್ರುದ್ದೀನನಿಗೆ ಹೇಳಿದ ಮಾತು ಊರಿಗೆ ಹೇಳಿದ ಹಾಗೆ. ಸಂಜೆಯೊಳಗೆ ಅದು ಮಾರ್ಕೆಟ್ಟಿಗೆ ಹೋಯಿತು. ವಾರದೊಳಗೆ ತಿಕೋಟಾ ಮುಟ್ಟಿ ಗುರಣ್ಣ ಎಂಬ ರೈತನ ಪಡಸಾಲೆಯಲ್ಲಿ ಕಾಲು ಚಾಚಿ ಕೂತಿತು.

ಗುರಣ್ಣನ ಕಿರಿಯ ಮಗಳು ಗುರುಬಾಯಿ ಮದುವೆಯ ವಯಸ್ಸಿಗೆ ಬಂದಿದ್ದಳು. ಯಲಗೂರಪ್ಪ ಮೂವತ್ತು ದಾಟಿದವನು. ಕೂದಲು ಹಣೆಯಿಂದ ಹಿಂದಕ್ಕೆ ಸರಿಯಲು ಶುರುಮಾಡಿತ್ತು. ಹಲವು ಊರುಗಳಲ್ಲಿ ಹೆಣ್ಣು ನೋಡಿ ಅವಲಕ್ಕಿ ತಿಂದು ಬಂದಿದ್ದ. ಅವಲಕ್ಕಿಗೆ ಎಲ್ಲಿಯೂ ಕಡಿಮೆಯಾಗಿರಲಿಲ್ಲ, ಹೆಣ್ಣು ಮಾತ್ರ ಯಾರೂ ಕೊಟ್ಟಿರಲಿಲ್ಲ. ಗುರುಬಾಯಿಯನ್ನು ನೋಡಿ ಬಂದ ಮೇಲೆ ಮಾತ್ರ ಅವನಿಗೆ ಊಟ ಸೇರಲಿಲ್ಲ. ಈ ಹುಡುಗಿಯೇ ಬೇಕು ಅನಿಸಿತು. ಅಷ್ಟು ಖರೆಯಾಗಿ ಅವನಿಗೆ ಬದುಕಿನಲ್ಲಿ ಏನೂ ಬೇಕು ಅನಿಸಿರಲಿಲ್ಲ.

ಗುರಣ್ಣ ಮೊದಲು ಮೂಗು ಮುರಿದಿದ್ದ. ಟಿವಿಯಲ್ಲಿ ಡಾಕ್ಟರನಾಗಿ ಬರುವ ಗಂಡು ಎಂದು ಕೇಳಿದ ಮೇಲೆ ಮೂಗು ನೆಟ್ಟಗಾಯಿತು. ಊರ ಮಂದಿಯೆಲ್ಲ ಟಿವಿಯಲ್ಲಿ ಅಳಿಯನನ್ನು ನೋಡಬೇಕು, ನೋಡಿದ ಸಂಜೆಯೇ ಸಕ್ಕರೆ ಹಂಚಬೇಕು ಎಂದು ಹಟ ಹಿಡಿದ. ಆ ಕಡೆ ಗಂಡಿನ ಬಾಯಿಗೆ ಸಕ್ಕರೆ ಬಿದ್ದರೆ ಸಂಬಂಧ ಗಟ್ಟಿಯಾದಂತೆ, ಆಮೇಲೆ ಬ್ರಹ್ಮ ಬಂದರೂ ಬಿಡಿಸುವಂತಿಲ್ಲ. ಸಕ್ಕರೆ ಬಾಯಿಗೆ ಬೀಳುವ ತನಕ ಮಾತ್ರ ಗುಟ್ಟು ಉಳಿಯಬೇಕಿತ್ತು. ಮದುವೆಗೆ ನಿಂತ ಗಂಡು ಮೂಗಿಗೆ ಅರಳೆ ಇಡಿಸಿಕೊಂಡು ಮಲಗಿ ಬಂದಿದ್ದಾನೆ ಎಂದು ಗೊತ್ತಾದರೆ, ಹೆಣ್ಣು ಹಾಗಿರಲಿ, ಆ ಮನೆಯ ನಾಯಿಯೂ ಹತ್ತಿರ ಸೇರಿಸುತ್ತಿರಲಿಲ್ಲ.

ಸರ್ಕಾರದ ಕೆಲಸ, ಆ ಕಂತು ತನ್ನ ಮೊಮ್ಮಕ್ಕಳ ಕಾಲಕ್ಕೆ ಬರಬಹುದು ಎಂದು ಯಲಗೂರಪ್ಪ ಆರಾಮವಾಗಿದ್ದ. ಅಷ್ಟರಲ್ಲಿ ಒಂದು ದಿನ ಬೆಳಗ್ಗೆ ಫಕ್ರುದ್ದೀನ ಅಂಗಡಿಗೆ ಓಡಿಬಂದು, ಡಾಕ್ಟರನ ಕತೆಯ ಮೊದಲನೆಯ ಕಂತು ಇವತ್ತು ಸಂಜೆಯೇ ಎಂದು ಸಾರಿದ. ನಿನ್ನೆ ತಿಕೋಟಾದ ಟಿವಿಯಲ್ಲಿ ಹೇಳಿದರಂತೆ. ಸಾಹುಕಾರರು ಖುಷಿಯಾಗಿ ಜೀಪು ಕೊಟ್ಟರು. ಅಂಗಡಿಯ ಮಂದಿಯೆಲ್ಲ ಹೋಗಿ ನೋಡಿ ಬರುವುದೆಂದು ಠರಾವಾಯಿತು.

ಯಲಗೂರಪ್ಪ ಲೆಕ್ಕದ ಪುಸ್ತಕ ಮುಚ್ಚಿದ. ತನಗೆ ಹೊಟ್ಟೆನೋವು, ಮನೆಗೆ ಹೋಗುತ್ತೇನೆ ಎಂದ. ಡಾಕ್ಟರನಿಗೇ ಹೊಟ್ಟೆನೋವು ಬಂದರೆ ಹೇಗೆ ಎಂದು ಎಲ್ಲರೂ ನಕ್ಕರು. ಅವನು ನಗಲಿಲ್ಲ. ಅಂಗಡಿಯಿಂದ ಹೊರಬಿದ್ದವನೇ ಅಥಣಿ ರಸ್ತೆಯ ಬಸ್ಸು ಹಿಡಿದು ತಿಕೋಟಾಕ್ಕೆ ಹೊರಟ. ಸಂಜೆಯೊಳಗೆ ಹೇಗಾದರೂ ಮಾಡಿ ಆ ಟಿವಿಯನ್ನು ಕೆಡಿಸಿಬಿಡಬೇಕೆಂದು ಅವನು ನಿಶ್ಚಯಿಸಿದ್ದ. ಇಡೀ ಆಯುಷ್ಯದಲ್ಲಿ ಒಂದು ಗಡಿಯಾರಕ್ಕೆ ಕೀಲಿ ಕೊಟ್ಟು ಗೊತ್ತಿಲ್ಲದ ಮನುಷ್ಯ.

ತಿಕೋಟಾದಲ್ಲಿ ಬಸ್ಸಿಳಿಯುತ್ತಲೇ ಗುರಣ್ಣ ಎದುರಾದ. ಅಳಿಯನಾಗುವವನು ಮಧ್ಯಾಹ್ನಕ್ಕೇ ಬಂದದ್ದು ಅವನಿಗೆ ಪರಮಾನಂದ. ಕೈ ಹಿಡಿದು ಮನೆಗೆ ಎಳೆದುಕೊಂಡು ಹೋಗಿ, ಶೇಂಗಾ ಹೋಳಿಗೆ ಬಡಿಸಿದ. ಊಟದ ನಡುವೆ ಗುರಣ್ಣನ ತಾಯಿ ಬೋರವ್ವ ಬಂದು ಎಡಗೈ ಮುಂದೆ ಚಾಚಿ, ನಾಡಿ ನೋಡು ಎಂದು ಕೂತಳು. ತಾನು ಪಾರ್ಟು ಮಾಡಿದವನಷ್ಟೇ ಎಂದು ಯಲಗೂರಪ್ಪ ಹೇಳಿದರೆ ಮುದುಕಿ ಕೇಳಲಿಲ್ಲ. ಪಾರ್ಟು ಮಾಡಬೇಕಾದರೂ ಕಲಿಸಿರಬೇಕಲ್ಲ ಎಂದಳು. ಅವನು ಹೋಳಿಗೆಯ ಕೈಯಿಂದಲೇ ಅವಳ ಮಣಿಕಟ್ಟು ಹಿಡಿದು, ಕಣ್ಣು ಮುಚ್ಚಿ, ನಾಡಿ ಎಲ್ಲಿದೆಯೆಂದು ಗೊತ್ತಾಗದೆ ಸ್ವಲ್ಪ ಹೊತ್ತು ತಡಕಾಡಿ, ವಾಯು ಎಂದ. ಬೋರವ್ವನಿಗೆ ಇದುವರೆಗೆ ಕಂಡ ಎಲ್ಲ ಡಾಕ್ಟರರೂ ಅದನ್ನೇ ಹೇಳಿದ್ದರು. ಹುಡುಗ ಚೆನ್ನಾಗಿ ಕಲಿತಿದ್ದಾನೆ ಎಂದು ಅವಳು ಮಗನಿಗೆ ಹೇಳಿದಳು.

ಗುರಣ್ಣ ಹತ್ತಿರ ಸರಿದು ಮನಸ್ಸು ಬಿಚ್ಚಿದ. ಹಿರಿಯ ಮಗಳನ್ನು ಕೊಟ್ಟಲ್ಲಿ ಅವನು ಕೈ ಸುಟ್ಟುಕೊಂಡಿದ್ದ. "ನನ್ನ ಹಿರೇ ಅಳಿಯ ಮಾತಾಡಿದ್ರ ಜೇನು ಸುರದಂಗ್ರಿ. ಅದರಾಗ ನನ್ನ ಮಗಳು ಮುಳುಗ್ಯಾಳ," ಎಂದ. "ಅಳಿಯ ಒರಟ ಇರಲಿ, ಮೊದ್ದ ಇರಲಿ, ನನಗ ನಡೀತೈತಿ. ಸುಳ್ಳು ಹೇಳಾಂವ ಮಾತ್ರ ಬ್ಯಾಡ ನೋಡ್ರಿ."

ಯಲಗೂರಪ್ಪ ಕೈಯಲ್ಲಿದ್ದ ಹೋಳಿಗೆಯನ್ನು ತಾಟಿಗೆ ಇಳಿಸಿದ. ಎರಡು ತಂಬಿಗೆ ನೀರು ಕುಡಿದ.

ಊಟ ಮುಗಿಸಿ, ಸ್ವಲ್ಪ ಅಡ್ಡಾಡಿ ಬರುತ್ತೇನೆ ಎಂದು ಹೇಳಿ ಅವನು ಶಾಲೆಯ ಕಡೆ ನಡೆದ. ಟಿವಿಯನ್ನು ಒಂದು ಕಟ್ಟಿಗೆ ಪೆಟ್ಟಿಗೆಯಲ್ಲಿಟ್ಟು ದೊಡ್ಡ ಬೀಗ ಹಾಕಿದ್ದರು. ಅದನ್ನು ಮುಟ್ಟುವಂತಿರಲಿಲ್ಲ. ಆದರೆ ಹಿಂದಿನ ಬಯಲಿನಲ್ಲಿ ಕೋಳಿ ಗೂಡಿಗೆ ಹಾಕುವಂಥ ಜಾಳಿಗೆಯಿಂದ ಮಾಡಿದ ದೊಡ್ಡ ಛತ್ರಿಯೊಂದು ಆಕಾಶಕ್ಕೆ ಮುಖ ಮಾಡಿ ನಿಂತಿತ್ತು. ಟಿವಿಯ ಚಿತ್ರವೆಲ್ಲ ಮೇಲಿನಿಂದ ಇದರೊಳಗೆ ಬೀಳುತ್ತದೆ ಎಂದು ಅವನು ಕೇಳಿದ್ದ. ಇದನ್ನೊಂದಿಷ್ಟು ತಿರುಗಿಸಿದರೆ ಚಿತ್ರ ಬೇರೆಲ್ಲೋ ಬಿದ್ದು ಹಾಳಾಗುತ್ತದೆ ಎಂದುಕೊಂಡು, ಧೋತರ ಎತ್ತಿ ಕಟ್ಟಿ, ಛತ್ರಿಗೆ ಭುಜ ಕೊಟ್ಟು ನೂಕಿದ. ಅದು ಕಿರ್ರೆಂದು ಅರ್ಧ ಗೇಣು ಸರಿಯಿತು. ಇನ್ನೊಮ್ಮೆ ನೂಕುವಷ್ಟರಲ್ಲಿ ಹಿಂದಿನಿಂದ ಯಾರೋ ಕೆಮ್ಮಿದರು.

ಟಿವಿಯ ಕೀಲಿ ಯಾರ ಕೈಯಲ್ಲಿತ್ತೋ ಆ ಅಬ್ದುಲಸಮದ ಮಾಸ್ತರರು ನಿಂತಿದ್ದರು. ಯಲಗೂರಪ್ಪ ಜೀವ ಕೈಯಲ್ಲಿ ಹಿಡಿದುಕೊಂಡ. ಮಾಸ್ತರರು ಮಾತ್ರ ಎರಡೂ ಕೈ ಮುಗಿದರು.

"ಛಲೋ ಆತು ನೀವ ಬಂದ್ರಿ. ಮೊನ್ನಿಂದ ಟಿವಿಯಾಗ ಬರೇ ರವಾ ಉದುರಾಕತ್ತೈತ್ರಿ. ಯಾರ ಮಾರಿನೂ ಗುರ್ತ ಸಿಗವಲ್ದು," ಎಂದರು. "ಟಿವಿಯವರ ಕೂಡ ಇದ್ದು ಬಂದವರು ನೀವು, ನಿಮಗ ಇದರ ಮರ್ಮ ಗೊತ್ತಿರ್ತೈತಿ."

ಯಲಗೂರಪ್ಪನಿಗೆ ಆಗ ತಿಳಿಯಿತು. ಯಾರ ಮುಖವೂ ಗುರುತು ಸಿಗದಂಥ ಟಿವಿ ದೇವರು ಕೊಟ್ಟ ವರ. ಅದನ್ನು ಅದರ ಪಾಡಿಗೆ ಬಿಟ್ಟಿದ್ದರೆ ಸಾಕಿತ್ತು. ಅವನು ಗಾಬರಿಯಿಂದ ಛತ್ರಿಯನ್ನು ಮತ್ತೆ ಹಿಂದಕ್ಕೆ ಎಳೆಯಲು ಹೋದ. ಮಾಸ್ತರರು ಬಿಡಲಿಲ್ಲ. ಬಲ್ಲವರು ಒಮ್ಮೆ ಇಟ್ಟದ್ದನ್ನು ಮತ್ತೆ ಅಲುಗಾಡಿಸಬಾರದು ಎಂದು ಹೇಳಿ, ಒಳಗಿನಿಂದ ತಂತಿ ತಂದು, ಛತ್ರಿಯನ್ನು ಕಂಬಕ್ಕೆ ಬಿಗಿದು ಕಟ್ಟಿಬಿಟ್ಟರು.

ಅವನು ಕೊನೆಯ ಉಪಾಯಕ್ಕೆ ಕೈಹಾಕಿದ. ಇವತ್ತಿನ ಕಂತಿನಲ್ಲಿ ಹೆಣ್ಣುಮಕ್ಕಳು ನೋಡಬಾರದಂಥ ಸಂಗತಿ ಇದೆ, ಮಾನವಂತರ ಊರು, ಟಿವಿ ಹಚ್ಚದಿದ್ದರೇ ಒಳ್ಳೆಯದು ಎಂದು ಮಾಸ್ತರರ ಕಿವಿಯಲ್ಲಿ ಹೇಳಿದ. ಮಾಸ್ತರರು ಜವಾಬ್ದಾರಿಯ ಮನುಷ್ಯ. ಟಿವಿ ಹಚ್ಚದೆ ಇರುವ ಅಧಿಕಾರ ಅವರಿಗಿರಲಿಲ್ಲ. ಅದರ ಬದಲು ಅವರು ಓಣಿ ಓಣಿಗೆ ಹೋಗಿ, ಇವತ್ತು ಹೆಣ್ಣುಮಕ್ಕಳು ಯಾರೂ ಟಿವಿಗೆ ಬರಬೇಡಿರಿ ಎಂದು ಮುಖತಃ ತಿಳಿಸಿ ಬಂದರು. ಪರಿಣಾಮ ಹೇಳಬೇಕಾಗಿಲ್ಲ. ಅಂಗಳ ದಾಟದ ಬಾಣಂತಿಯರೂ ಆ ಸಂಜೆ ಕೂಸು ಎತ್ತಿಕೊಂಡು ಶಾಲೆಗೆ ಬಂದರು. ಟಿವಿ ಬಂದಾಗಿನಿಂದ ಅಷ್ಟು ಮಂದಿ ಕೂಡಿರಲಿಲ್ಲ.

ಗುರಣ್ಣ ಎಲ್ಲರಿಗಿಂತ ಮುಂದೆ ಕಂಬಳಿ ಹಾಸಿ, ಯಲಗೂರಪ್ಪನನ್ನು ನಡುವೆ ಕೂಡಿಸಿಕೊಂಡ. ಒಂದು ಮಗ್ಗುಲಲ್ಲಿ ಜೀಪಿನಿಂದ ಇಳಿದು ಬಂದ ಫಕ್ರುದ್ದೀನ ಮತ್ತು ಅಂಗಡಿಯ ಮಂದಿ. ಹೆಂಗಸರ ಕಡೆ ಬೋರವ್ವ, ಅವಳ ಹಿಂದೆ ಗುರುಬಾಯಿ. ಯಲಗೂರಪ್ಪ ಕಡಿಯಲು ತಂದ ಕುರಿಯ ಹಾಗೆ ಸುಮ್ಮನೆ ಕೂತಿದ್ದ. ಮಾಸ್ತರರು ಬೀಗ ತೆಗೆದು ಟಿವಿ ಹಚ್ಚಿದರು. ಚಿತ್ರ ಕನ್ನಡಿಯಂತೆ ಬಂತು. ಮಂದಿ ಹೋ ಎಂದರು. ಇದೆಲ್ಲ ಯಲಗೂರಪ್ಪನವರ ಕೈಗುಣ ಎಂದು ಮಾಸ್ತರರು ಎದ್ದು ನಿಂತು ಹೇಳಿದರು. ಅವನು ತಲೆ ತಗ್ಗಿಸಿದ. ವಿನಯಕ್ಕೆ ಇರಬೇಕೆಂದು ಜನ ತಿಳಿದುಕೊಂಡರು.

ಕತೆ ಶುರುವಾಯಿತು. ಮೊದಲಿಗೇ ಬಿಳಿ ಅರಿವೆ ಹೊದ್ದ ಹೆಣ. ಟಿವಿಯ ತುಂಬ ಎರಡು ಕಾಲು. ಹಿನ್ನೆಲೆಯಲ್ಲಿ ಯಾರೋ ಶೋಕದ ರಾಗ ಎಳೆಯುತ್ತಿದ್ದರು. ಅಷ್ಟರಲ್ಲಿ ಒಂದು ನೊಣ ಬಂದು ಬಲಗಾಲಿನ ಮೇಲೆ ಕೂತಿತು. ಹೆಬ್ಬೆರಳು ಅಲ್ಲಾಡಿತು. ನೊಣ ಹೋಗಲಿಲ್ಲ. ಆಗ ಹೆಣದ ಎಡಗಾಲು ನಿಧಾನವಾಗಿ ಎದ್ದು ಬಂದು ಬಲಗಾಲನ್ನು ಪರಪರ ಕೆರೆದು, ಮತ್ತೆ ತನ್ನ ಜಾಗಕ್ಕೆ ಹೋಗಿ ಸತ್ತಿತು. ಚಿತ್ರ ತೆಗೆಯುವವರಿಗೆ ಅದು ಕಾಣಲಿಲ್ಲವೋ, ಕಂಡರೂ ಸರ್ಕಾರದ ಕೆಲಸಕ್ಕೆ ಇಷ್ಟು ಸಾಕು ಅಂದುಕೊಂಡರೋ. ಶಾಲೆಯ ಮಾಡು ಹಾರುವಂತೆ ಮಂದಿ ನಕ್ಕರು.

"ಅದರಾಗ ಇನ್ನೂ ಜೀವ ಐತಿ, ಮಣ್ಣು ಮಾಡಬ್ಯಾಡ್ರಿ," ಎಂದಳು ಬೋರವ್ವ. ನಗು ಇನ್ನೂ ಜೋರಾಯಿತು. ಎಂಥ ಮೊದ್ದನನ್ನು ಹಿಡಿದು ತಂದಿದ್ದಾರೆ ಎಂದು ಗುರಣ್ಣ ಕಣ್ಣೊರೆಸಿಕೊಂಡ. ನಿದ್ದೆಯಲ್ಲಿ ತನ್ನ ಕಾಲು ಮಾಡಿದ ಈ ಘನಕಾರ್ಯವನ್ನು ಯಲಗೂರಪ್ಪ ಮೊದಲ ಸಲ ನೋಡುತ್ತಿದ್ದ. ಎಲ್ಲರಿಗಿಂತ ಗಟ್ಟಿಯಾಗಿ ನಕ್ಕುಬಿಟ್ಟ.

"ಯಾವನೋ ಕುಡುಕನ್ನ ತಂದು ಮಲಗಿಸಿದ್ರು ನೋಡ್ರಿ," ಎಂದು ಹೆಂಗಸರ ಕಡೆಗೂ ಕೇಳುವಂತೆ ಹೇಳಿದ. "ಎಷ್ಟ ಹೇಳಿದ್ರೂ ತಿಳೀಲಿಲ್ಲ ಆ ಗಮಾರಗ."

ಆಗ ಡಾಕ್ಟರ ಬಂದ. ಯಲಗೂರಪ್ಪ ಉಸಿರು ಹಿಡಿದ. ಡಾಕ್ಟರನ ತಲೆಯ ಮೇಲೆ ಬಿಳಿ ಟೊಪ್ಪಿಗೆ, ಮೂಗು ಬಾಯಿ ಮುಚ್ಚಿ ಕಟ್ಟಿದ ಬಿಳಿ ಅರಿವೆ. ಕಾಣುತ್ತಿದ್ದದ್ದು ಎರಡು ಕಣ್ಣು ಮಾತ್ರ. ಊರಿಗೆ ದೊಡ್ಡ ಬೇನೆ ಬಂದಿದೆ, ಅದಕ್ಕೇ ಡಾಕ್ಟರ ಆ ಅರಿವೆಯನ್ನು ಬಿಚ್ಚುವುದೇ ಇಲ್ಲ ಎಂದು ಕತೆಯಲ್ಲಿ ಯಾರೋ ಹೇಳಿದರು. ಯಲಗೂರಪ್ಪನಿಗೆ ಎದ್ದು ಆ ಟಿವಿಗೆ ಸಾಷ್ಟಾಂಗ ಹಾಕಬೇಕು ಅನಿಸಿತು.

ಗುರಣ್ಣ ಮೊಣಕೈಯಿಂದ ತಿವಿದು, ಇದು ನೀವೇ ಏನು ಎಂದು ಕೇಳಿದ. ಯಲಗೂರಪ್ಪ ಎದೆ ಮುಂದೆ ಮಾಡಿ ಕೂತು, ಹೌದು ಎಂದ. ದನಿ ಬೇರೆ ಇದೆಯಲ್ಲ ಎಂದು ಹಿಂದಿನಿಂದ ಯಾರೋ ಅನುಮಾನ ತೆಗೆದರು. ಫಕ್ರುದ್ದೀನನಿಗೆ ಗೊತ್ತಿಲ್ಲದ ವಿದ್ಯೆ ಇರಲಿಲ್ಲ. ದನಿಯನ್ನು ಬೇರೆ ಮಶಿನ್ನಿನಲ್ಲಿ ತುಂಬುತ್ತಾರೆ ಎಂದು ಅವನು ತಿಳಿಸಿ ಹೇಳಿದ. ಆಳು ಎತ್ತರ ಕಾಣುತ್ತದಲ್ಲ ಎಂದು ಇನ್ನೊಬ್ಬ ಕೇಳಿದ. ಟಿವಿಯಲ್ಲಿ ಎಲ್ಲರೂ ಎತ್ತರವೇ ಎಂದ ಫಕ್ರುದ್ದೀನ. ಒಬ್ಬ ಗೆಳೆಯನ ಸುಳ್ಳಿಗೆ ಇನ್ನೊಬ್ಬ ಇಷ್ಟು ನಿಷ್ಠೆಯಿಂದ ದುಡಿದದ್ದು ಅಪರೂಪ. ಅವನಿಗೆ ಅದು ಸುಳ್ಳೆಂದು ಗೊತ್ತಿರಲಿಲ್ಲ ಎನ್ನುವುದು ಬೇರೆ ಮಾತು.

ಟಿವಿಯಲ್ಲಿ ಡಾಕ್ಟರ, ಸತ್ತವನ ಹೆಂಡತಿಯ ಮುಂದೆ ನಿಂತು, ನಿನ್ನ ಗಂಡನನ್ನು ಉಳಿಸಲು ಮೂರು ರಾತ್ರಿ ನಿದ್ದೆಗೆಟ್ಟೆ ತಾಯಿ ಎಂದ. ಅವನ ಕಣ್ಣಲ್ಲಿ ನೀರು ತುಂಬಿ ನಿಂತಿತು. ಹೆಂಗಸರ ಕಡೆ ಮೂಗು ಏರಿಸುವ ಸಪ್ಪಳ ಎದ್ದಿತು. ಗುರಣ್ಣನ ಕಣ್ಣೂ ಒದ್ದೆಯಾಯಿತು. ಯಲಗೂರಪ್ಪನೂ ತನ್ನ ಅಭಿನಯಕ್ಕೆ ತಾನೇ ಮೆಚ್ಚಿ ಧೋತರದ ಚುಂಗಿನಿಂದ ಕಣ್ಣೊರೆಸಿಕೊಂಡ.

ಆಮೇಲೆ ಡಾಕ್ಟರ ತನ್ನ ಕೋಣೆಗೆ ಹೋಗಿ ಅಗಳಿ ಹಾಕಿದ. ಬಾವಿಯ ನೀರನ್ನು ಇಂಜೆಕ್ಷನ್ ಬಾಟಲಿಗಳಿಗೆ ತುಂಬಿದ. ತುಂಬುತ್ತ ಕಣ್ಣಲ್ಲೇ ನಕ್ಕ. ಆ ನಗು ನೋಡಿ ಶಾಲೆ ತಣ್ಣಗಾಯಿತು. ಅವನು ಡಾಕ್ಟರನೇ ಅಲ್ಲ, ಖೊಟ್ಟಿ. ಖೊಟ್ಟಿ ಡಾಕ್ಟರರನ್ನು ನಂಬಬೇಡಿ ಎಂದು ಹಳ್ಳಿಯವರಿಗೆ ಕಲಿಸಲು ಸರ್ಕಾರ ಮಾಡಿಸಿದ ಕತೆ ಅದು. ಅಲ್ಲಿಂದ ಮುಂದೆ ಕಂತು ಮುಗಿಯುವ ತನಕ ಅವನು ಒಬ್ಬೊಬ್ಬರ ಮುಂದೆ ಒಂದೊಂದು ಸುಳ್ಳು ಹೇಳಿದ. ಕುಂಟನ ತಲೆ ಸವರಿ ಹೇಳಿದ, ಕೂಸನ್ನು ಎತ್ತಿ ಮುದ್ದಾಡುತ್ತ ಹೇಳಿದ, ನೀರು ಚುಚ್ಚಿದ ಮುದುಕಿಯ ಕಾಲಿಗೆ ಬಿದ್ದು ಹೇಳಿದ. ಪ್ರತಿ ಸುಳ್ಳಿಗೂ ಆ ಕಣ್ಣು ಹಾಲಿನಷ್ಟು ಶುದ್ಧವಾಗಿತ್ತು. ಗುರಣ್ಣ ಕಂಬಳಿಯ ಮೇಲೆ ಯಲಗೂರಪ್ಪನಿಂದ ಸ್ವಲ್ಪ ಆಚೆ ಸರಿದು ಕೂತ. ಕೊನೆಗೆ ಒಬ್ಬ ಫೌಜದಾರ ಬಂದು ಮುಖ ತೋರಿಸು ಎಂದ. ಡಾಕ್ಟರನ ಕೈ ಅರಿವೆಯ ಗಂಟಿಗೆ ಹೋಯಿತು. ಅಲ್ಲಿಗೆ ಕಂತು ಮುಗಿದು, ಹಿಂದಿಯವನೊಬ್ಬ ಬಂದು ಮಾತಾಡತೊಡಗಿದ.

ಎಲ್ಲರೂ ಗುರಣ್ಣನ ಮನೆಗೆ ಬಂದರು. ಅಂಗಡಿಯ ಮಂದಿಗೆ ಚಹಾ ಆಯಿತು. ಸಕ್ಕರೆಯ ತಾಟು ಪಡಸಾಲೆಯ ನಡುವೆ ಬಂದು ಕೂತಿತು. ಗುರಣ್ಣ ಮಾತ್ರ ಅದನ್ನು ಮುಟ್ಟಲಿಲ್ಲ. ಯಲಗೂರಪ್ಪನ ಎದುರಿಗೆ ಬಂದು ಕೂತ.

"ಯಲಗೂರಪ್ಪನವರ, ಪಾರ್ಟು ಅಂದ್ರ ಪಾರ್ಟು ಅಂತ ನನಗ ತಿಳೀತೈತಿ, ನಾ ಹುಂಬ ಅಲ್ಲ. ನೀವೇನು ಖರೇನ ನೀರು ಚುಚ್ಚಿಲ್ಲ. ಆದರ ನಿಮ್ಮ ಬಾಯಿ ಮುಚ್ಚಿತ್ತು, ಮೂಗು ಮುಚ್ಚಿತ್ತು. ಬರೇ ಎರಡು ಕಣ್ಣಿನ್ಯಾಗ ಸುಳ್ಳು ಹೇಳಿ ಊರನ್ನ ಅಳಿಸಿದ್ರಿ, ನಾನೂ ಅತ್ತೆ. ನಾಳೆ ಪೂರಾ ಮಾರಿ ಇಟಗೊಂಡು ನನ್ನ ಮಗಳಿಗೆ ಸುಳ್ಳು ಹೇಳಿದ್ರ ಆಕಿ ಹ್ಯಾಂಗ ಗುರ್ತ ಹಿಡೀಬೇಕು? ಒಂದು ಮಗಳನ್ನ ಮುಳುಗಿಸಿ ಕುಂತೇನಿ. ಈ ಸಂಬಂಧ ಬ್ಯಾಡ್ರಿ."

ಗುರುಬಾಯಿ ಕೈ ತಪ್ಪುತ್ತಾಳೆ ಎಂದು ಅರಿವಾದ ಕೂಡಲೇ ಯಲಗೂರಪ್ಪನೊಳಗಿನ ಬಡಿವಾರವೆಲ್ಲ ಸೋರಿಹೋಯಿತು. ಅದು ತಾನಲ್ಲವೇ ಅಲ್ಲ ಎಂದು ಗೋಗರೆದ. ಗುರಣ್ಣ ಫಕ್ರುದ್ದೀನನ ಕಡೆ ತಿರುಗಿದ.

"ನೋಡ್ರಿ, ಈಗೂ ಎಷ್ಟು ಖರೇ ಅನ್ನಿಸ್ತೈತಿ," ಎಂದ.

"ನಾ ಡಾಕ್ಟರ ಅಲ್ರಿ, ನಾ ಹೆಣ," ಎಂದ ಯಲಗೂರಪ್ಪ. "ಆ ಕಾಲು ನನ್ನವು."

ಇವನಿಗೆ ತಲೆ ಕೆಟ್ಟಿದೆ, ದುಃಖಕ್ಕೆ ಹೀಗೆ ಮಾತಾಡುತ್ತಿದ್ದಾನೆ ಎಂದು ಫಕ್ರುದ್ದೀನ ಎಲ್ಲರ ಕ್ಷಮೆ ಕೇಳಿದ. ಯಲಗೂರಪ್ಪ ಬಬಲೇಶ್ವರದ ವಾಡೆ, ಅರಳೆ, ನಿದ್ದೆ, ಚಹಾ ಎಲ್ಲವನ್ನೂ ಹೇಳಿದ. ಅವನ ಬದುಕಿನಲ್ಲಿ ಅಷ್ಟು ಉದ್ದನೆಯ ಸತ್ಯ ಅದೇ ಮೊದಲು, ರೂಢಿಯಿಲ್ಲದ್ದರಿಂದ ನಡುನಡುವೆ ತಡವರಿಸಿದ. ಒಬ್ಬರೂ ನಂಬಲಿಲ್ಲ. ಕಡೆಗೆ ಅವನು ಪಡಸಾಲೆಯ ನಡುವೆ ಕಂದೀಲಿನ ಬೆಳಕಿಗೆ ಎರಡೂ ಕಾಲು ಚಾಚಿ ಕೂತ. ಕಾಲು ಎಲ್ಲರಿಗೂ ಇರುತ್ತವೆ ಎಂದು ಗುರಣ್ಣ ಬೇಸರದಿಂದ ಹೇಳಿದ.

"ಅಪ್ಪಾ, ಅವರು ಖರೇ ಹೇಳಾಕತ್ತಾರ. ಟಿವಿಯಾಗ ಬಂದಿದ್ದು ಅವರ ಕಾಲು."

ಅಡುಗೆಮನೆಯ ಬಾಗಿಲ ಮರೆಯಿಂದ ಗುರುಬಾಯಿಯ ದನಿ ಬಂದಿತ್ತು. ನಿನಗೆ ಹೇಗೆ ಗೊತ್ತು ಎಂದು ಗುರಣ್ಣ ಕೇಳಿದ.

"ನೋಡಾಕ ಬಂದಾಗ ತಲಿ ಎತ್ತಬ್ಯಾಡ ಅಂದಿದ್ರಿ, ನಾ ಎತ್ತಲಿಲ್ಲ. ಅವರು ಅವಲಕ್ಕಿ ತಿಂದು ಏಳೂತನಾ ನಾ ನೋಡಿದ್ದು ಬರೇ ಆ ಕಾಲು. ಹೆಬ್ಬಟ್ಟಿನ ಬಾಜೂಕಿನ ಬೆರಳು ಹೆಬ್ಬಟ್ಟಿಗಿಂತ ಉದ್ದ ಐತಿ. ಎಡಗಾಲ ಕಿರಿಬೆರಳು ಡೊಂಕ ಐತಿ. ನೋಡ್ರಿ ಬೇಕಾದ್ರ."

ಗುರಣ್ಣ ಕಂದೀಲು ಎತ್ತಿಕೊಂಡು ಬಂದು, ಸಂತೆಯಲ್ಲಿ ಎತ್ತಿನ ಗೊರಸು ನೋಡುವವನಂತೆ ಅವನ ಕಾಲು ಎತ್ತಿ ನೋಡಿದ. ಎಲ್ಲವೂ ಸರಿಯಾಗಿತ್ತು. ಆಮೇಲೆ ಗುರಣ್ಣ ಹೊಟ್ಟೆ ಹಿಡಿದುಕೊಂಡು ನಗತೊಡಗಿದ. ನಗುತ್ತಲೇ ಯಲಗೂರಪ್ಪನ ಬೆನ್ನಿಗೆ ಗುದ್ದಿದ. ಹೆಣವಾಗಿ ಮಲಗಿದಾಗಲೂ ಈ ಮನುಷ್ಯನಿಗೆ ಒಂದು ಸುಳ್ಳು ನೆಟ್ಟಗೆ ಹೇಳಲು ಬರುವುದಿಲ್ಲ, ಇಂಥ ಅಳಿಯನೇ ತನಗೆ ಬೇಕಾಗಿದ್ದದ್ದು ಎಂದ. ಡಾಕ್ಟರನೆಂದು ಕೊಚ್ಚಿಕೊಂಡದ್ದೇನೂ ದೊಡ್ಡದಲ್ಲ, ಮದುವೆಗೆ ಮೊದಲು ತಾನೂ ಇಲ್ಲದ ಎರಡು ಬಾವಿಗಳ ಲೆಕ್ಕ ಹೇಳಿದ್ದೆ ಎಂದ. ಮೂಗಿಗೆ ಅರಳೆ ಇಟ್ಟ ಗಂಡು ಬೇಡ ಎಂದು ಬೋರವ್ವ ತಕರಾರು ತೆಗೆದಳು. ನಾಲ್ಕು ಕೊಡ ನೀರು ಹಾಕಿದರೆ ಹೆಣ ಇಳಿದುಹೋಗುತ್ತದೆ ಎಂದು ಗುರಣ್ಣ ಅವಳ ಬಾಯಿ ಮುಚ್ಚಿಸಿ, ಸಕ್ಕರೆ ಹಾಕಲು ಮಗಳನ್ನೇ ಕರೆದ. ಎಲ್ಲ ತಾನು ಹೇಳಿದ ಸತ್ಯದಿಂದಲೇ ಆಯಿತೆಂದು ಯಲಗೂರಪ್ಪ ಹಿಗ್ಗಿದ. ಇಷ್ಟು ದಿನ ಈ ಸತ್ಯವನ್ನು ಏಕೆ ಬಳಸಲಿಲ್ಲವೋ ಎಂದು ಪಶ್ಚಾತ್ತಾಪವೂ ಆಯಿತು. ಅವನು ಬಾಯಿ ತೆರೆದು ಕೂತ.

ಗುರುಬಾಯಿ ಹೊರಗೆ ಬಂದು ಸಕ್ಕರೆಯ ತಾಟು ಎತ್ತಿಕೊಂಡಳು. ಈ ಸಲ ಅವಳು ತಲೆ ತಗ್ಗಿಸಲಿಲ್ಲ. ಮೊದಲ ಸಲ ಅವನ ಮುಖವನ್ನು ನೆಟ್ಟಗೆ ನೋಡಿದಳು. ನೋಡಿ, ತಂದೆಯ ಕಡೆ ತಿರುಗಿದಳು.

"ಡಾಕ್ಟರ ಅಂತ ಹೇಳಿದ್ದಕ್ಕ ನಂದೇನೂ ಇಲ್ಲಪ್ಪಾ. ಹೆಣ ಆಗಿದ್ದಕ್ಕೂ ಇಲ್ಲ. ಆದರ ಸಾಲ್ಯಾಗ ಮಂದಿ ನಗೂ ಮುಂದ ಇವರು ಏನಂದ್ರು? ಯಾವನೋ ಕುಡುಕ, ಗಮಾರ ಅಂದ್ರು. ನಾಕು ಮಂದಿ ನಕ್ರು ಅಂತ ತನ್ನ ಕಾಲನ್ನ ತನ್ನದಲ್ಲ ಅಂದಾಂವ, ನಾಳೆ ನಾಕು ಮಂದಿ ನನ್ನ ನೋಡಿ ನಕ್ರ ನನಗ ಯಾರಂತಾನ?"

ಗುರುಬಾಯಿ ತಾಟು ಹಿಡಿದುಕೊಂಡು ಒಳಗೆ ಹೋದಳು. ಯಲಗೂರಪ್ಪನ ಬಾಯಿ ಇನ್ನೂ ತೆರೆದೇ ಇತ್ತು. ಅದನ್ನು ಮುಚ್ಚಿಕೋ ಎಂದು ಫಕ್ರುದ್ದೀನನೇ ಹೇಳಬೇಕಾಯಿತು.